ಕಾಲು ಹಾರ್ಮೋನಿಯಂನ ಗಾಳಿ

ಸಿನಿಮಾಕ್ಕೆ ಸಂಗೀತ ಮಾಡುತ್ತೇನೆ ಎಂದ ತಕ್ಷಣ ನಮ್ಮ ಕಡೆಯ ಜನ ಕೇಳುವ ಪ್ರಶ್ನೆ ಒಂದೇ: “ಯಾವ ಆಡವ್ವ ನಿಂದು?”

ನಾನು ಕೆಲಸ ಮಾಡುವ ಸಿನಿಮಾಗಳಲ್ಲಿ ಹಾಡು ಇರುವುದಿಲ್ಲ. ಸ್ನೇಹಿತರು ನಾಲ್ಕು ಜನ ಸೇರಿ, ಕೈಯಿಂದ ಹಾಕಿಕೊಂಡು, ಹೆಸರಾಂತ ನಟರಿಲ್ಲದೆ ತೆಗೆಯುವ ಸಣ್ಣ ಸಿನಿಮಾಗಳು ಅವು. ಬಸ್ಸು ಹೋದ ಮೇಲೆ ರಸ್ತೆ ಖಾಲಿ ಬಿದ್ದಿರುತ್ತದೆ, ಯಾರೋ ಒಬ್ಬರು ಮಾತಾಡದೆ ನಿಂತಿರುತ್ತಾರೆ, ಅಂಥ ಕಡೆ ಹಿಂದಿನಿಂದ ಮೆಲ್ಲಗೆ ಏನೋ ಕೇಳುತ್ತದಲ್ಲ, ಅದು ನನ್ನದು. ಇಷ್ಟು ಬಿಡಿಸಿ ಹೇಳಿದರೆ “ಓ, ಇಂದ್ಗಡೆ ಮ್ಯೂಜಿಕ್ಕಾ” ಎಂದು ಮಾತು ಬದಲಾಯಿಸುತ್ತಾರೆ. ನಮ್ಮ ಸೋದರತ್ತೆಯೊಬ್ಬರು ಮದುವೆಮನೆಯಲ್ಲಿ ಎಲ್ಲರ ಮುಂದೆ, “ಆಡಿಲ್ದ ಸಿನ್ಮಾಕೆ ಮ್ಯೂಜಿಕ್ ಮಾಡೋದಂದ್ರೆ ಮುದ್ದೆ ಇಲ್ದೆ ಬರೀ ಸಾರು ಕುಡ್ದಂಗೆ ಕಣವ್ವ” ಎಂದರು. ನನಗೆ ಮೂಗಿನ ತುದಿಯಲ್ಲೇ ಕೋಪ. ಆ ಹೊತ್ತಿಗೆ ಪಾಯಸದ ಬಕೆಟ್ಟು ನನ್ನ ಕೈಯಲ್ಲಿತ್ತು. ಅತ್ತೆಯ ಎಲೆ ಬಿಟ್ಟು ಮುಂದಿನ ಎಲೆಗೆ ಹೋಗಿಬಿಟ್ಟೆ.

ಜನರನ್ನು ಬಯ್ದು ಪ್ರಯೋಜನವಿಲ್ಲ, ನನ್ನ ಅಪ್ಪನೇ ಹಾಗಿದ್ದರು. ಅಪ್ಪ ನಾಟಕದ ಮೇಷ್ಟ್ರು. ಬೆಳಕವಾಡಿ, ಹಲಗೂರು ಸುತ್ತಿನ ಊರುಗಳಲ್ಲಿ ಪೌರಾಣಿಕ ನಾಟಕ ಆಡಬೇಕೆಂದರೆ ಮೊದಲು ಮೇಷ್ಟ್ರನ್ನು ಗೊತ್ತು ಮಾಡಬೇಕು. ಹಗಲೆಲ್ಲ ಕಬ್ಬಿನ ಗದ್ದೆಯಲ್ಲೋ ಗ್ಯಾರೇಜಿನಲ್ಲೋ ದುಡಿದು ಬಂದವರನ್ನು ಸಂಜೆ ಭಜನೆಮನೆಯಲ್ಲಿ ಕೂರಿಸಿಕೊಂಡು, ತಿಂಗಳುಗಟ್ಟಲೆ ಹಾಡು, ಕಂದ, ವೃತ್ತ ಹೇಳಿಕೊಟ್ಟು, ಕೊನೆಗೆ ಅವರ ತಲೆಗೆ ಕಿರೀಟ ಏರುವಂತೆ ಮಾಡುವವರು ಮೇಷ್ಟ್ರು. ಅಪ್ಪನ ಬಳಿ ಇರುವುದು ಕಾಲು ಹಾರ್ಮೋನಿಯಂ. ಹೊಲಿಗೆ ಮಿಷನ್ನಿಗೆ ಇರುವಂತೆ ಅದಕ್ಕೂ ಕೆಳಗೆ ಪೆಡಲುಗಳಿವೆ. ಕಾಲಿನಿಂದ ತುಳಿದರೆ ಒಳಗಿನ ತಿದಿಗೆ ಗಾಳಿ ತುಂಬುತ್ತದೆ, ನುಡಿಸಲು ಎರಡೂ ಕೈ ಬಿಡುವಾಗುತ್ತವೆ.

ಅಪ್ಪ ಶಿಷ್ಯರನ್ನು ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಿಲ್ಲ. ಪಾತ್ರಕ್ಕೆ ಅವರು ಏನು ಹಿಡಿಯುತ್ತಾರೋ ಅದೇ ಅವರ ಹೆಸರು. ಹಲಗೂರು ಕಡೆಯ ಒಬ್ಬ ದೊಡ್ಡ ರೈತರು ಗದೆ. ಮಳವಳ್ಳಿಯಲ್ಲಿ ಪಂಪ್‌ಸೆಟ್ ಮೋಟಾರು ರಿಪೇರಿ ಅಂಗಡಿ ಇಟ್ಟಿರುವ ಸಾಹೇಬರು ದಾಳ. ಪ್ರೈಮರಿ ಶಾಲೆಯ ಮೇಷ್ಟ್ರೊಬ್ಬರು ಕೊಳಲು. ಸಂತೆಯಲ್ಲಿ ಎದುರಾದರೂ “ಏನ್ಲಾ ಗದೆ, ಕಬ್ಬು ಕಡ್ಸಿದ್ಯಾ?” ಎಂದೇ ಮಾತು ಶುರು. ಗದೆಯವರಿಗೆ ಈಗ ಮೊಮ್ಮಕ್ಕಳಿದ್ದಾರೆ, ಆದರೂ “ಊ ಮೇಷ್ಟ್ರೇ” ಎಂದು ಕೈಕಟ್ಟಿ ನಿಲ್ಲುತ್ತಾರೆ.

ಅಪ್ಪನ ಪ್ರಕಾರ ಸಂಗೀತ ಎಂದರೆ ಜನ ಕುರ್ಚಿ ಬಿಟ್ಟೆದ್ದು ‘ಒನ್ಸ್ ಮೋರ್’ ಎಂದು ಕೂಗಬೇಕು, ಹಾಡಿದವನು ಬೆವರು ಒರೆಸಿಕೊಂಡು ಮತ್ತೊಮ್ಮೆ ಹಾಡಬೇಕು. ನನ್ನ ಕಸುಬು ಅದಕ್ಕೆ ಪೂರಾ ಉಲ್ಟಾ. ಸಂಗೀತ ಇತ್ತೆಂಬುದೇ ನೋಡುವವರ ಗಮನಕ್ಕೆ ಬರಬಾರದು. ಅಪ್ಪ ಒಮ್ಮೆ ನನ್ನ ಫೋನಿನಲ್ಲಿ ನಾನು ಕೆಲಸ ಮಾಡಿದ ಒಂದು ಸಿನಿಮಾವನ್ನು ಪೂರ್ತಿ ನೋಡಿದರು, ಕಣ್ಣು ಕೀಳದೆ ನೋಡಿದರು. ಮುಗಿದ ಮೇಲೆ ಫೋನು ವಾಪಸು ಕೊಡುತ್ತಾ, “ನಿಂದು ಯಾವಾಗ ಬತ್ತದೆ?” ಎಂದರು.

ನಾನು ಅಪ್ಪನ ಪಕ್ಕದಲ್ಲೇ ಕೂತು ಕಲಿತವಳು. ಮಂಡ್ಯದಲ್ಲಿ ಓದು ಮುಗಿಸಿ ಬೆಂಗಳೂರಿನ ಒಂದು ಸ್ಟುಡಿಯೊದಲ್ಲಿ ಧಾರಾವಾಹಿಗಳಿಗೆ ಕೀಬೋರ್ಡ್ ನುಡಿಸುವ ಕೆಲಸಕ್ಕೆ ಸೇರಿದೆ. ಅತ್ತೆ ಬಾಗಿಲಲ್ಲಿ ನಿಂತು ತಿರುಗಿ ನೋಡಿದರೆ ಒಂದು ‘ಢಣ್’, ಸೊಸೆ ತಿರುಗಿ ನೋಡಿದರೆ ಇನ್ನೊಂದು ‘ಢಣ್’. ವರ್ಷಗಟ್ಟಲೆ ಢಣ್ ಢಣ್ ಎನ್ನಿಸಿ, ಕೊನೆಗೆ ಮನೆಯಲ್ಲಿ ಯಾರಾದರೂ ತಿರುಗಿ ನೋಡಿದರೂ ನನ್ನ ಬೆರಳು ಏಳುವಂತಾಗಿತ್ತು. ಮದುವೆಯಾಗಿ ಮಂಡ್ಯಕ್ಕೆ ವಾಪಸು ಬಂದೆ. ಗಂಡನಿಗೆ ಇಲ್ಲೇ ನೌಕರಿ. ಮನೆಯ ಹಿಂದಿನ ಕೋಣೆಯ ಗೋಡೆಗಳಿಗೆ ಮೊಟ್ಟೆ ಟ್ರೇಗಳನ್ನು ಅಂಟಿಸಿ, ಬಾಗಿಲಿಗೆ ಹಳೆಯ ಜಮಖಾನ ಇಳಿಬಿಟ್ಟು, ಅದನ್ನೇ ಸ್ಟುಡಿಯೊ ಎಂದುಕೊಂಡೆ. ರೈಲ್ವೆ ಲೈನು ಹತ್ತಿರ. ಮೈಸೂರಿನ ಗಾಡಿ ಹೋದ ಮೇಲೆ ಬೆಂಗಳೂರಿನ ಗಾಡಿ ಬರುವ ತನಕ ನನ್ನ ಕೆಲಸ.

ನನಗೆ ಮೊದಲು ಸಿನಿಮಾ ಕೊಟ್ಟವನು ದಾಳದ ಸಾಹೇಬರ ಮಗ. ಸಾಹೇಬರ ಅಂಗಡಿಯಲ್ಲಿ ತಾಮ್ರದ ತಂತಿ ಸುತ್ತುತ್ತಲೇ ಕ್ಯಾಮರಾ ಹುಚ್ಚು ಹತ್ತಿಸಿಕೊಂಡ ಹುಡುಗ, ಈಗ ನಿರ್ದೇಶಕ. ನನ್ನನ್ನು ಅಕ್ಕ ಎನ್ನುತ್ತಾನೆ. ಅವನ ಮೊದಲ ಸಿನಿಮಾಕ್ಕೆ ನಾನು ಎಲ್ಲೂ ಜಾಗ ಬಿಡದೆ ಸಂಗೀತ ತುಂಬಿ ಕಳಿಸಿದ್ದೆ. ಕೇಳಿ ಫೋನು ಮಾಡಿದ. “ಅಕ್ಕ, ಚೆಂದಾಗದೆ. ಆದ್ರೆ ವಸಿ ಸುಮ್ಕಿರಕ್ಕ” ಎಂದ. ನಾನು ಉರಿದುಬಿದ್ದು ಫೋನು ಕುಕ್ಕಿದೆ. ಎರಡು ದಿನ ಬಿಟ್ಟು, ಅವನಿಗೆ ಬುದ್ಧಿ ಕಲಿಸಬೇಕೆಂದೇ ಅರ್ಧಕ್ಕರ್ಧ ತೆಗೆದುಹಾಕಿ ನೋಡಿದೆ. ಸಿನಿಮಾ ಉಸಿರಾಡತೊಡಗಿತ್ತು. ನನ್ನ ಮೇಲೆ ನನಗೇ ಸಿಟ್ಟೂ ಬಂತು, ಖುಷಿಯೂ ಆಯಿತು. ಅವತ್ತಿನಿಂದ ಅವನ ಸಿನಿಮಾಗಳೆಲ್ಲ ನನ್ನ ಕೈಗೇ ಬರುತ್ತಿವೆ. ಅವು ದೂರದ ಊರುಗಳ ಚಿತ್ರೋತ್ಸವಗಳಿಗೆ ಹೋಗುತ್ತವೆ, ಯಾರೋ ಚಪ್ಪಾಳೆ ತಟ್ಟಿ ಕಳಿಸುತ್ತಾರೆ, ಇಲ್ಲಿ ಮಾತ್ರ ಒಬ್ಬರೂ ನೋಡಿರುವುದಿಲ್ಲ.

ಈಚಿನ ಸಿನಿಮಾ ಮದ್ದೂರಿನ ಒಬ್ಬ ಟೈಲರನ ಹೆಂಡತಿಯದು. ಗಂಡ ತೀರಿಕೊಂಡಿದ್ದಾನೆ. ಅವನ ಅಂಗಡಿಯ ಷಟರು ಎಳೆದೇ ಇದೆ. ಹೊಲಿಯಲು ಕೊಟ್ಟ ಬಟ್ಟೆಗಳಿಗಾಗಿ ಜನ ಮನೆಗೆ ಬರುತ್ತಾರೆ, ಅವಳು ಅವರನ್ನು ಏನಾದರೊಂದು ಹೇಳಿ ಕಳಿಸುತ್ತಾಳೆ. ಕೊನೆಯ ದೃಶ್ಯದಲ್ಲಿ ಒಂದು ಬೆಳಿಗ್ಗೆ ಷಟರು ಎತ್ತಿ, ಗಂಡನ ಮಿಷನ್ನಿನ ಮುಂದೆ ಕೂರುತ್ತಾಳೆ. ಸೂಜಿಗೆ ದಾರ ಪೋಣಿಸುತ್ತಾಳೆ. ಕಾಲು ಪೆಡಲಿನ ಮೇಲೆ ಇಡುತ್ತಾಳೆ. ಅಲ್ಲಿಗೆ ಸಿನಿಮಾ ಮುಗಿಯುತ್ತದೆ. ಆ ಪೆಡಲನ್ನು ನೋಡಿದ ಕೂಡಲೇ ನನ್ನ ಕಣ್ಣಿಗೆ ಬಂದದ್ದು ಅಪ್ಪನ ಪಾದಗಳು. ಇದಕ್ಕೆ ಅಪ್ಪನ ಕೈಯಲ್ಲೇ ನುಡಿಸಬೇಕೆಂದು ನಿರ್ದೇಶಕನಿಗೆ ಹೇಳಿದೆ. ಅವನು ಕುಣಿದಾಡಿಬಿಟ್ಟ.

ಅಪ್ಪನಿಗೂ ಅದು ಬೇಕಾಗಿತ್ತು. ಆ ವರ್ಷ ಸುತ್ತಿನ ಊರುಗಳವರು ಕೀಬೋರ್ಡ್ ನುಡಿಸುವ ಹೊಸ ಮೇಷ್ಟ್ರುಗಳನ್ನು ಕರೆಸತೊಡಗಿದ್ದರು. ಒಂದು ಗುಂಡಿ ಒತ್ತಿದರೆ ತಬಲ, ಇನ್ನೊಂದು ಒತ್ತಿದರೆ ಪಿಟೀಲು. ಅಪ್ಪನನ್ನು ಯಾರೂ ಗೊತ್ತು ಮಾಡಿರಲಿಲ್ಲ. ಅಪ್ಪ ಅದನ್ನು ಬಾಯಿಬಿಟ್ಟು ಹೇಳಲಿಲ್ಲ, ಆದರೆ ಅವ್ವ ಫೋನಿನಲ್ಲಿ, “ಸಂಜೆ ಆದ್ರೆ ಸುಮ್ನೆ ಬೀದಿ ನೋಡ್ಕಂಡು ಕೂತ್ಕತಾರೆ ಕಣವ್ವ” ಎಂದಿದ್ದಳು. ನಾನು ಸಿನಿಮಾಕ್ಕೆ ನುಡಿಸು ಎಂದದ್ದೇ ತಡ, ಅಪ್ಪ ಹಾರ್ಮೋನಿಯಂನ ಚರ್ಮಕ್ಕೆ ತೇಪೆ ಹಾಕಿ, ಪೆಡಲಿಗೆ ಎಣ್ಣೆ ಬಿಟ್ಟು, ಬೆಳಕವಾಡಿಯಿಂದ ಗೂಡ್ಸ್ ಆಟೋದಲ್ಲಿ ಹಾಕಿಸಿಕೊಂಡು ಮಂಡ್ಯಕ್ಕೆ ಬಂದರು. ಡ್ರೈವರ್ ಪಕ್ಕದಲ್ಲಿ ಕೂರಲಿಲ್ಲ. ದಾರಿಯುದ್ದಕ್ಕೂ ಹಿಂದೆ ಹಾರ್ಮೋನಿಯಂ ತಬ್ಬಿಕೊಂಡು ನಿಂತೇ ಬಂದಿದ್ದರು.

ಕೋಣೆ ನೋಡಿ, “ಏನವ್ವ, ಮೊಟ್ಟೆ ಅಂಗ್ಡಿ ಮಡ್ಗಿದ್ದೀಯ?” ಎಂದರು. ಫ್ಯಾನಿನ ಸದ್ದು ಮೈಕಿಗೆ ಬೀಳುತ್ತದೆಂದು ಆರಿಸಿದೆ. ಅಪ್ಪ ಅಂಗಿ ಬಿಚ್ಚಿ, ಬನಿಯನ್ನಿನಲ್ಲೇ ಕೂತರು.

“ಆಡೋರು ಯಾರು?”

“ಯಾರೂ ಆಡಾಕಿಲ್ಲ ಕಣಪ್ಪ. ನೀನು ನುಡುಸು ಸಾಕು.”

“ಆಡೋರು ಇಲ್ದೆ ನಾನು ಯಾರ್ಗೆ ನುಡುಸ್ಲಿ?”

ಲ್ಯಾಪ್‌ಟಾಪಿನಲ್ಲಿ ಆ ದೃಶ್ಯ ಹಾಕಿ ತೋರಿಸಿದೆ. ಅಪ್ಪ ಮತ್ತೆ ಮತ್ತೆ ಹಾಕಿಸಿ ನೋಡಿದರು. ಗಂಡ ಹೇಗೆ ಸತ್ತ, ಮಕ್ಕಳೆಷ್ಟು, ಇವಳಿಗೆ ಹೊಲಿಗೆ ಬರುತ್ತದೋ ಇಲ್ಲವೋ ಎಂದೆಲ್ಲ ವಿಚಾರಿಸಿದರು. ಆಮೇಲೆ ಲ್ಯಾಪ್‌ಟಾಪನ್ನು ತಮ್ಮ ಎದುರಿಗೆ ಇಡಿಸಿಕೊಂಡು, ಅವಳ ಮುಖ ನೋಡುತ್ತಾ ಕಾಲು ಒತ್ತಿದರು. ತಿದಿಗೆ ಗಾಳಿ ತುಂಬಿತು. ಅಪ್ಪ ಕಾದರು. ಇನ್ನೊಮ್ಮೆ ಒತ್ತಿ ಇನ್ನೂ ಕಾದರು. ಆಮೇಲೆ ಕೈ ಇಟ್ಟು ಭೀಮ್‌ಪಲಾಸ್ ರಾಗ ನುಡಿಸಿದರು. ಬೆಂಗಳೂರಿನ ಗಾಡಿ ಬಂದು ಕಿಟಕಿ ಗದಗುಟ್ಟುವವರೆಗೂ ನಿಲ್ಲಿಸಲಿಲ್ಲ. ಅಷ್ಟು ಚೆನ್ನಾಗಿ ಅಪ್ಪ ನುಡಿಸಿದ್ದನ್ನು ನಾನು ಕೇಳಿರಲಿಲ್ಲ. ಜಮಖಾನದ ಆಚೆ ನಿಂತಿದ್ದ ನನ್ನ ಗಂಡ ಕಣ್ಣು ಒರೆಸಿಕೊಳ್ಳುತ್ತಿದ್ದ.

ಊರಿಗೆ ಹೋದ ಅಪ್ಪ ಸಿಕ್ಕವರಿಗೆಲ್ಲ ಹೇಳಿಕೊಂಡು ಬಂದರು. ಗದೆ, ದಾಳ, ಕೊಳಲು ಎಲ್ಲರಿಗೂ ಸುದ್ದಿ ಮುಟ್ಟಿತು. ಸಿನಿಮಾದ ಕೊನೆಯಲ್ಲಿ ಮೇಷ್ಟ್ರ ಹಾರ್ಮೋನಿಯಂ ಕೇಳುತ್ತದಂತೆ, ನಮ್ಮ ಕಡೆಯೇ ತೋರಿಸಬೇಕು ಎಂದು ಮಳವಳ್ಳಿಯ ಸಮುದಾಯ ಭವನವನ್ನೂ ಅವರೇ ಮಾತಾಡಿದರು.

ಇತ್ತ ನನ್ನ ಕಷ್ಟ ಶುರುವಾಯಿತು. ಅಪ್ಪನ ಭೀಮ್‌ಪಲಾಸ್ ಆ ದೃಶ್ಯಕ್ಕೆ ಕೂರುತ್ತಿರಲಿಲ್ಲ. ಎಲ್ಲಿ ಕತ್ತರಿಸಿ ಎಲ್ಲಿ ಇಟ್ಟರೂ ಕಿವಿ ಅಪ್ಪನ ಬೆರಳುಗಳ ಹಿಂದೆ ಹೋಗುತ್ತಿತ್ತು, ಆ ಹೆಂಗಸು ಕಾಣೆಯಾಗುತ್ತಿದ್ದಳು. ಒಂದು ಮಧ್ಯಾಹ್ನ ಸಾಕಾಗಿ, ನುಡಿಸಿದ್ದನ್ನೆಲ್ಲ ತೆಗೆದು, ಶುರುವಿನ ಗಾಳಿಯ ಸದ್ದನ್ನು ಮಾತ್ರ ಬಿಟ್ಟೆ. ಪೆಡಲಿನ ಸಣ್ಣ ಕಿರುಗುಟ್ಟು, ತಿದಿ ಉಬ್ಬುವ ಹುಸ್ಸ್ ಎಂಬ ಉಸಿರು, ನಿಲುಗಡೆ, ಮತ್ತೊಂದು ಉಸಿರು, ಅಷ್ಟೇ. ಅವಳು ಕಾಲಿಡುವ ಹೊತ್ತಿಗೆ ಸರಿಯಾಗಿ ಅದು ಬಂತು. ಇನ್ನೇನೂ ಬೇಡ ಎಂದು ಅವತ್ತೇ ಗೊತ್ತಾಯಿತು. ಅಪ್ಪನಿಗೆ ಏನು ಹೇಳುವುದು ಎಂಬುದು ಮಾತ್ರ ಗೊತ್ತಾಗಲಿಲ್ಲ.

ಅಪ್ಪನಿಂದ ಮುಚ್ಚಿಡುವುದು ನನಗೆ ಬಾರದು. ಮಾರನೇ ದಿನವೇ ಬಸ್ಸು ಹತ್ತಿ ಬೆಳಕವಾಡಿಗೆ ಹೋದೆ. ಜಗಲಿಯ ಮೇಲೆ ಕೂರಿಸಿ, ಕಿವಿಗೆ ಹೆಡ್‌ಫೋನು ಹಾಕಿ ತೋರಿಸಿದೆ. ಮುಗಿದ ಮೇಲೂ ಅಪ್ಪ ಪರದೆ ನೋಡುತ್ತಲೇ ಇದ್ದರು.

“ಮುಂದ್ಕೆ?”

“ಮುಂದ್ಕಿಲ್ಲ ಕಣಪ್ಪ. ಅಷ್ಟೇಯ.”

ಅಪ್ಪ ಹೆಡ್‌ಫೋನು ತೆಗೆದು ನನ್ನ ಮಡಿಲಲ್ಲಿಟ್ಟರು. “ಕೈ ಬುಟ್ಟು ಬರೀ ಕಾಲು ಮಡೀಕಂಡಿದ್ದೀಯಲ್ಲವ್ವ” ಎಂದರು. ದನಿ ಏರಿಸಲಿಲ್ಲ. “ಊರ್ಗೆಲ್ಲ ಏಳ್ಬುಟ್ಟಿವ್ನಿ.”

ನಾನು ಏನೇನೋ ಹೇಳಿದೆ. ದೃಶ್ಯಕ್ಕೆ ಬೇಕಾದದ್ದು ಇಷ್ಟೇ ಎಂದೆ, ನಿನ್ನ ನುಡಿಸಾಣಿಕೆಗೆ ಕುಂದಿಲ್ಲ ಎಂದೆ. ಅಪ್ಪ ಒಳಗೆ ಎದ್ದುಹೋಗಿ ಹಾರ್ಮೋನಿಯಂನ ಮೇಲೆ ಬಟ್ಟೆ ಹೊದಿಸಿದರು. ಅವ್ವ ನನ್ನನ್ನು ನೋಡಿದಳು, ನಾನು ಚಪ್ಪಲಿ ನೋಡಿದೆ. ಆಮೇಲಿನ ದಿನಗಳಲ್ಲಿ ಅವ್ವನಿಗೆ ಫೋನು ಮಾಡಿದಾಗಲೆಲ್ಲ ಕೇಳುತ್ತಿದ್ದೆ, “ಬಟ್ಟೆ ತಗುದ್ರಾ?” “ಇಲ್ಲ ಕಣವ್ವ, ಅಂಗೇ ಅದೆ.” ಅಪ್ಪ ಮತ್ತೆ ಅದರ ಮುಂದೆ ಕೂರುವುದೇ ಇಲ್ಲವೇನೋ, ನನ್ನ ಕೈಯಾರೆ ಅಪ್ಪನ ಕಸುಬಿಗೆ ಬಟ್ಟೆ ಹೊದಿಸಿಬಿಟ್ಟೆನೇನೋ ಎಂದು ನನಗೆ ಹೆದರಿಕೆ ಹತ್ತಿತು.

ನಿರ್ದೇಶಕ ಒಂದು ಉಪಾಯ ಹೇಳಿದ. “ಅಕ್ಕ, ಮಳವಳ್ಳಿಲಿ ತೋರ್ಸೋ ಕಾಪಿಗೆ ಮಾತ್ರ ಮೇಷ್ಟ್ರು ನುಡ್ಸಿರೋದ ಪೂರ್ತಿ ಆಕ್ಬುಡಾಣ. ಬ್ಯಾರೆ ಕಡೆಗೆ ನಿಂದೇ ಓಗ್ಲಿ. ಯಾರ್ಗೆ ಗೊತ್ತಾಯ್ತದೆ?” ನನಗೆ ಎಷ್ಟು ಆಸೆಯಾಯಿತೆಂದರೆ, ಹಾಗೆಯೇ ಜೋಡಿಸಿ ನೋಡಿಯೂ ನೋಡಿದೆ. ಅಪ್ಪನ ಭೀಮ್‌ಪಲಾಸ್ ಕೇಳಿ ಅಳು ಬಂತು. ಆದರೆ ಅತ್ತದ್ದು ಅಪ್ಪನಿಗಾಗಿ, ಆ ಹೆಂಗಸಿಗಾಗಿ ಅಲ್ಲ. ನಮ್ಮೂರ ಜನಕ್ಕೆ ಒಂದು ಸಿನಿಮಾ, ಹೊರಗಿನವರಿಗೆ ಇನ್ನೊಂದು ಎಂಬುದು ನನಗೆ ಒಪ್ಪಿಗೆಯಾಗಲಿಲ್ಲ. ನಮ್ಮೂರವರೇನು ಕಡಿಮೆಯೇ? ಅವನನ್ನೂ ಬಯ್ದು, ನನ್ನನ್ನೂ ಬಯ್ದುಕೊಂಡು, ಆ ಕಾಪಿ ಅಳಿಸಿಹಾಕಿದೆ.

ಭಾನುವಾರ ಬೆಳಿಗ್ಗೆ ಪ್ರದರ್ಶನ. ಭವನದ ಕಿಟಕಿಗಳಿಗೆಲ್ಲ ರಾಗಿ ಒಣಗಿಸುವ ಟಾರ್ಪಾಲು ಕಟ್ಟಿ ಕತ್ತಲು ಮಾಡಿದ್ದರು. ಸ್ಪೀಕರು ಶಾಮಿಯಾನದ ಅಂಗಡಿಯವು. ನಾಟಕದ ತಂಡ ಪೂರ್ತಿ ಬಂದಿತ್ತು. ಗದೆಯವರು ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ಅಂಚಿನ ಪಂಚೆ ಉಟ್ಟಿದ್ದರು. ದಾಳದ ಸಾಹೇಬರು ಮಗನ ಸಿನಿಮಾ ಎಂದು ಬಾಗಿಲಲ್ಲಿ ನಿಂತು ಎಲ್ಲರಿಗೂ ಸೆಂಟು ಹಚ್ಚುತ್ತಿದ್ದರು. ಅಪ್ಪ ಬರುತ್ತಾರೋ ಇಲ್ಲವೋ ಎಂದು ನಾನು ಹೊರಗೇ ನಿಂತಿದ್ದೆ. ಕೊನೆಗೆ ಅವ್ವನ ಹಿಂದೆ ಬಸ್ಸಿನಿಂದ ಇಳಿದರು. ನನ್ನ ಮುಂದೆಯೇ ಹಾದು ಒಳಗೆ ಹೋದರು. ಶಿಷ್ಯರು ಮುಂದಿನ ಸಾಲಿನ ನಡುವಿನ ಕುರ್ಚಿ ಅವರಿಗೆಂದೇ ಬಿಟ್ಟಿದ್ದರು. ಗದೆಯವರು, “ಮೇಷ್ಟ್ರೇ, ನಿಮ್ದು ಕೊನೇಲಿ ಬರೋದಾ?” ಎಂದು ಕೇಳಿದ್ದು ನನಗೆ ಕೇಳಿಸಿತು. ಅಪ್ಪ “ಊ” ಎಂದರು. ಅವರು ಯಾರಿಗೂ ಏನೂ ಹೇಳಿಲ್ಲ ಎಂದು ಆಗ ತಿಳಿಯಿತು. ನಾನು ಅಪ್ಪನ ಹಿಂದಿನ ಸಾಲಿನಲ್ಲಿ ಕೂತೆ.

ಜನ ನೋಡಿದರು. ಮಧ್ಯೆ ಯಾರೋ ಫೋನಿನಲ್ಲಿ “ಸಿನ್ಮಾದಲ್ಲಿವ್ನಿ ಕಣ್ಲಾ, ಆಮ್ಯಾಕೆ ಮಾಡು” ಎಂದು ಕೂಗಿದ್ದು ಬಿಟ್ಟರೆ ಗಲಾಟೆಯಿರಲಿಲ್ಲ. ಕೊನೆಯ ದೃಶ್ಯ ಬಂತು. ಅವಳು ಷಟರು ಎತ್ತಿದಳು. ಕೂತಳು. ದಾರ ಪೋಣಿಸಿದಳು. ಶಾಮಿಯಾನದ ಸ್ಪೀಕರುಗಳಿಂದ ಅಪ್ಪನ ಕಾಲಿನ ಗಾಳಿ ಇಡೀ ಭವನಕ್ಕೆ ತುಂಬಿಕೊಂಡಿತು.

ಗದೆಯವರು ಘನವಾಗಿ ಗಂಟಲು ಸರಿಮಾಡಿಕೊಂಡರು. ದಾಳದ ಸಾಹೇಬರು ಕುರ್ಚಿಯಿಂದ ಅರ್ಧ ಎದ್ದು, ಭುಜದ ಮೇಲೆ ಇಲ್ಲದ ಶಲ್ಯವನ್ನು ಎಳೆದುಕೊಂಡರು. ಕೊಳಲಿನವರು ಒಂದು ಕೈಯನ್ನು ಕಿವಿಗೆ ಒಯ್ದರು. ಆಚೆ ಈಚೆ ಕತ್ತಲಲ್ಲಿ ಇನ್ನೂ ಯಾರ್ಯಾರೋ ಕೆಮ್ಮಿ ಎದೆಯೆತ್ತಿ ಕೂತರು. ಯಾರೂ ಬೇಕೆಂದು ಮಾಡಿದ್ದಲ್ಲ. ತಾವು ಮಾಡಿದ್ದು ತಮಗೇ ತಿಳಿದು, ಒಂದು ಸಣ್ಣ ನಗೆ ಸಾಲಿನುದ್ದಕ್ಕೂ ಹರಿಯಿತು. ಎರಡನೆಯ ಉಸಿರು ಬಂತು. ಅವಳ ಕಾಲು ಪೆಡಲಿನ ಮೇಲೆ ಕೂತಿತು. ಪರದೆ ಕಪ್ಪಾಯಿತು.

ಟಾರ್ಪಾಲು ಬಿಚ್ಚಿದ ಮೇಲೆ ಗದೆಯವರು ನೇರ ನನ್ನ ಬಳಿ ಬಂದರು. “ಇದೇನಮ್ಮ ಇಂಗ್ ಮಾಡ್ಬುಟ್ಟೆ! ನಾನು ಇನ್ನೇನು ಆಡು ಎತ್ಕಬೇಕು, ಅಷ್ಟ್ರಲ್ಲಿ ಸಿನ್ಮಾನೇ ಮುಗುದೋಯ್ತಲ್ಲ” ಎಂದರು. ನನಗೆ ಅರ್ಥವಾಗಲಿಲ್ಲ. ಅವರೇ ಬಿಡಿಸಿ ಹೇಳಿದರು. ನಾಟಕದ ದಿನ ಮೈಕಿನ ಮುಂದೆ ನಿಂತವರಿಗೆ ರಂಗದ ಪರದೆಯ ಪಕ್ಕದಲ್ಲಿ ಕೂತ ಮೇಷ್ಟ್ರು ಕಾಣುವುದಿಲ್ಲ. ಎದುರಿಗೆ ಊರಿಗೆ ಊರೇ ಕೂತಿರುತ್ತದೆ. “ಬಾಯಿ ಒಣ್ಗೋಗಿರ್ತದೆ ಕಣಮ್ಮ, ಮಾತೆಲ್ಲ ಮರ್ತೋಗಿರ್ತದೆ. ಇಂದ್ಗಡೆಯಿಂದ ಮೇಷ್ಟ್ರು ಗಾಳಿ ಕೊಡ್ತಾರೆ ನೋಡು, ಆ ಉಸ್ರು ಕೇಳುದ್ರೆ ಸಾಕು, ಆಡು ತಾನಾಗೇ ಬತ್ತದೆ.”

ಹಾರ್ಮೋನಿಯಂ ಪಕ್ಕದಲ್ಲೇ ಬೆಳೆದ ನನಗೆ ಇದು ಗೊತ್ತಿರಲಿಲ್ಲ. ಹೆಣ್ಣುಮಕ್ಕಳನ್ನು ರಂಗದ ಮೇಲೆ ಬಿಡುತ್ತಿರಲಿಲ್ಲ. ನಾನು ಯಾವತ್ತೂ ಚಾಪೆಯ ಮೇಲೆ ಅವ್ವನ ಪಕ್ಕ ಕೂತು ನೋಡಿದವಳು, ಅಲ್ಲಿಗೆ ಹಾಡು ಕೇಳುತ್ತಿತ್ತು, ಗಾಳಿ ಕೇಳುತ್ತಿರಲಿಲ್ಲ. ಭೀಮ್‌ಪಲಾಸ್ ಎಲ್ಲಿ ಎಂದು ಒಬ್ಬರೂ ಕೇಳಲಿಲ್ಲ. ಅಪ್ಪನ ಸುತ್ತ ನಿಂತು ನೀನು ಹೇಗೆ ಎದ್ದೆ, ನಾನು ಹೇಗೆ ಕೆಮ್ಮಿದೆ ಎಂದು ಒಬ್ಬರನ್ನೊಬ್ಬರು ಆಡಿಕೊಂಡು ನಗುತ್ತಿದ್ದರು. ಅಪ್ಪ ಉಪ್ಪಿಟ್ಟಿನ ತಟ್ಟೆ ಹಿಡಿದು, ನಗದೆ, ಎಲ್ಲರ ಮುಖ ನೋಡುತ್ತಿದ್ದರು. ಅವರ ಮನಸ್ಸಿನಲ್ಲಿ ಏನಿದೆಯೆಂದು ನನಗೆ ತಿಳಿಯಲಿಲ್ಲ, ಕೇಳಲು ಧೈರ್ಯವೂ ಸಾಲಲಿಲ್ಲ.

ಬಸ್‌ ಸ್ಟ್ಯಾಂಡಿಗೆ ಬಿಟ್ಟುಬರಲು ನಾನೂ ಜೊತೆಗೆ ಹೊರಟೆ. ಅವ್ವ ಹೂವು ಕೊಳ್ಳಲೆಂದು ಮುಂದೆ ಹೋದಳು. ಅಪ್ಪ ರಸ್ತೆ ನೋಡಿಕೊಂಡೇ ನಡೆಯುತ್ತಾ, ಅಷ್ಟು ದಿನಗಳ ಮೇಲೆ ಮೊದಲ ಮಾತು ಆಡಿದರು.

“ಆ ಎಂಗ್ಸು ಆಮ್ಯಾಕೆ ಮಿಷನ್ ತುಳುದ್ಲಾ?”

“ಗೊತ್ತಿಲ್ಲ ಕಣಪ್ಪ. ಸಿನ್ಮಾ ಅಲ್ಲಿಗೇ ಮುಗುದೋಯ್ತಲ್ಲ.”

ಅಪ್ಪ ನಿಂತರು. ಹೊಸ ಶಿಷ್ಯ ತಾಳ ತಪ್ಪಿದಾಗ ನೋಡುವಂತೆ ನನ್ನನ್ನು ನೋಡಿದರು.

“ಗೊತ್ತಿಲ್ಲ ಅಂದ್ರೆ ಏನವ್ವ? ನಾನು ಗಾಳಿ ಕೊಟ್ಟ ಮ್ಯಾಕೆ ಎತ್ಕಳ್ದೆ ಇದ್ದೋರು ಒಬ್ರೂ ಇಲ್ಲ. ಎತ್ಕಂಡಿರ್ತಾಳೆ ಬುಡು.”